ಗಾಲ್ವೇ ದಂಡೆಯಲ್ಲಿ ಕೋಪನ್‌ಹೇಗನ್

ಕಳೆದ ತಿಂಗಳು ಅವರು ನಿವೃತ್ತರಾಗಿ ಮೈಸೂರಿಗೆ ಹಿಂದಿರುಗಿದರು. ಐರ್ಲೆಂಡಿನ ಗಾಲ್ವೇ ಊರಿನ ಕನ್ನಡ ಕುಟುಂಬಗಳು ಸೇರಿ ಏರ್ಪಡಿಸಿದ್ದ ಬೀಳ್ಕೊಡುಗೆಯಲ್ಲಿ ಒಬ್ಬೊಬ್ಬರಾಗಿ ಎದ್ದು ನಿಂತು ಅವರ ಸರಳತೆಯನ್ನೂ ತಿಳಿವಳಿಕೆಯನ್ನೂ ಅವರ ಕೈಯ ಬಿಸಿಬೇಳೆಬಾತನ್ನೂ ಹೊಗಳಿದರು. ನನ್ನ ಸರದಿ ಬಂದಾಗ ನಾನು ಸಿದ್ಧಪಡಿಸಿಕೊಂಡು ಹೋಗಿದ್ದ ನಾಲ್ಕು ಮಾತುಗಳನ್ನು ತಪ್ಪಿಲ್ಲದೆ ಆಡಿ ಕುಳಿತೆ. ಆ ಮಾತುಗಳೆಲ್ಲ ನಿಜವೇ. ಆದರೆ ಅವರ ವಿಷಯದಲ್ಲಿ ನನಗಿದ್ದ ಮುಖ್ಯವಾದ ಭಾವನೆಗೆ ಅಲ್ಲಿ ಜಾಗವಿರಲಿಲ್ಲ. ಅಸೂಯೆಯನ್ನು ಬೀಳ್ಕೊಡುಗೆಯ ಸಭೆಯಲ್ಲಿ ಹೇಳುವ ಪದ್ಧತಿ ನಮ್ಮಲ್ಲಿಲ್ಲ.

ನಾವಿಬ್ಬರೂ ವೈದ್ಯಕೀಯ ಉಪಕರಣಗಳನ್ನು ತಯಾರಿಸುವ ಒಂದೇ ಕಂಪನಿಯಲ್ಲಿದ್ದೆವು. ಅವರು ಗುಣಮಟ್ಟ ವಿಭಾಗದ ಹಿರಿಯರು. ನಾನು ಯಾವ ಕೆಲಸವನ್ನು ಯಾವ ಕ್ರಮದಲ್ಲಿ ಮಾಡಬೇಕೆಂಬ ದಾಖಲೆಗಳನ್ನು ಬರೆಯುವವಳು. ನಮ್ಮ ವಂಶದಲ್ಲಿ ಪದವಿಯವರೆಗೆ ಓದಿದವಳು ನಾನೇ ಮೊದಲು. ಅರಸೀಕೆರೆಯಲ್ಲಿ ಅಪ್ಪನದು ಸೈಕಲ್ ರಿಪೇರಿ ಅಂಗಡಿ. ಅವರ ಮನೆಯಲ್ಲಾದರೋ ಅಜ್ಜಿಯ ಕಾಲದಿಂದಲೇ ಹೆಣ್ಣುಮಕ್ಕಳು ಮಹಾರಾಣಿ ಕಾಲೇಜಿಗೆ ಹೋದವರು. ಈ ಸಂಗತಿಯನ್ನು ಅವರು ನನಗೆ ಎಂದೂ ಹೇಳಿಕೊಂಡವರಲ್ಲ. ಹೇಳಿಕೊಳ್ಳಬೇಕಾದ ಅಗತ್ಯವೇ ಅವರಿಗೆ ಇರಲಿಲ್ಲ ಎಂಬುದು ನನ್ನನ್ನು ಮೊದಲು ಚುಚ್ಚಿದ್ದು.

ಪರಿಚಯವಾದ ವಾರದಲ್ಲೇ ಕ್ಯಾಂಟೀನಿನಲ್ಲಿ ಎದುರು ಕುಳಿತು ಕೇಳಿದರು.

"ಅರಸೀಕೆರೆಯೋಳಾ ನೀನು? ಅಯ್ಯೋ, ಆ ಶಿವನ ದೇವಸ್ಥಾನದ ಮುಂದಿನ ಮಂಟಪ ಇದ್ಯಲ್ಲ, ನಕ್ಷತ್ರದ ಹಾಗೆ, ಮೇಲೆ ಗುಮ್ಮಟ... ಅಂಥದ್ದು ಹೊಯ್ಸಳರು ಬೇರೆಲ್ಲೂ ಕಟ್ಟಿಸಿಲ್ಲ ಅಂತಿದ್ರು ನಮ್ಮಪ್ಪ. ನಾವು ಹೋದಾಗ ಅದರ ನೆರಳಲ್ಲಿ ಕೂತು ಚಿತ್ರಾನ್ನ ತಿಂದಿದ್ವಿ. ಈಗ ಹೇಗಿದೆಯೇ?"

"ಚೆನ್ನಾಗಿದೆ ಮೇಡಂ," ಎಂದೆ. ಆ ದೇವಾಲಯದ ಬೇಲಿಯ ಪಕ್ಕದಲ್ಲಿ ಹತ್ತು ವರ್ಷ ಶಾಲೆಗೆ ನಡೆದುಹೋದವಳು ನಾನು, ಒಳಗೆ ಕಾಲಿಟ್ಟಿರಲಿಲ್ಲ. ಹೊಯ್ಸಳ ಶೈಲಿಯ ಲಕ್ಷಣಗಳನ್ನು ಬರೆ ಎಂದರೆ ಪರೀಕ್ಷೆಯಲ್ಲಿ ಪೂರ್ಣಾಂಕ ಬರುವಂತೆ ಬರೆಯಬಲ್ಲವಳಾಗಿದ್ದೆ, ಅಷ್ಟೆ. ನನ್ನ ಊರನ್ನೂ ಅವರೇ ನನಗಿಂತ ಮೊದಲು ನೋಡಿಬಿಟ್ಟಿದ್ದರು.

ಅಂದಿನಿಂದ ನಾನು ಅವರನ್ನು ಮೇಡಂ ಎಂದೇ ಕರೆದೆ. "ಅಕ್ಕ ಅನ್ನೇ, ಮೇಡಂ ಅಂದ್ರೆ ಬೆನ್ನು ನೆಟ್ಟಗೆ ಮಾಡ್ಕೊಂಡು ಕೂರ್ಬೇಕು ಅನ್ಸುತ್ತೆ," ಎಂದು ಎಷ್ಟೋ ಸಲ ಹೇಳಿದರು. ನನ್ನ ನಾಲಿಗೆ ಒಪ್ಪಲಿಲ್ಲ.

ಕುಳ್ಳಗಿನ ಆಳು. ಚೂಡಿದಾರದ ಮೇಲೆ ಮೊಣಕಾಲು ಮುಟ್ಟುವ ಹಳದಿ ಮಳೆಕೋಟು, ಬೆನ್ನ ಹಿಂದೆ ಕಟ್ಟಿದ ಕೈ, ತಲೆ ಒಂದಿಷ್ಟು ಓರೆ. ಹಳೆಯ ಗೋಡೆ ಕಂಡರೆ ಅಂಗೈಯಿಂದ ಸವರಿ ನೋಡುವರು, ಸೀರೆ ಅಂಗಡಿಯಲ್ಲಿ ಸೆರಗು ಸವರುವ ಹಾಗೆ. ಗಾಳ ಹಾಕಿಕೊಂಡು ನಿಂತ ಮುದುಕರ ಪಕ್ಕದಲ್ಲಿ ನಿಂತು, ತಮ್ಮ ಮೈಸೂರಿನ ಇಂಗ್ಲಿಷನ್ನು ಕಿಂಚಿತ್ತೂ ತಿದ್ದಿಕೊಳ್ಳದೆ, ಈ ಹೊಳೆಯಲ್ಲಿ ಮೊದಲು ಏನು ಬರುತ್ತಿತ್ತು, ಯಾರು ಇಳಿಸುತ್ತಿದ್ದರು ಎಂದೆಲ್ಲ ಕೇಳುವರು. ಆ ಮುದುಕರು ಗಾಳವನ್ನು ಮರೆತು ಮಾತಾಡುತ್ತಿದ್ದರು. ನಾನು ಒಂದು ಪ್ರಶ್ನೆ ಕೇಳಬೇಕಾದರೆ ಅದರ ಇಂಗ್ಲಿಷ್ ವಾಕ್ಯವನ್ನು ಮೊದಲು ಮನಸ್ಸಿನಲ್ಲಿ ಜೋಡಿಸಿಕೊಳ್ಳುತ್ತೇನೆ. ಅಷ್ಟರಲ್ಲಿ ಎದುರಿನವರು ಹೊರಟಿರುತ್ತಾರೆ.

"ಊರು ಅಂದ್ರೆ ಅದರ ನೀರು ಕಣೇ. ಮಿಕ್ಕಿದ್ದೆಲ್ಲ ಆಮೇಲೆ ಕಟ್ಟಿದ್ದು," ಎಂಬುದು ಅವರ ಮಾತು. ಇನ್ನೊಂದು: "ಒಂದು ದಿನಕ್ಕೆ ಮೂರು ಜಾಗ ಸಾಕು. ನಾಲ್ಕನೇದನ್ನ ನೋಡೋದು ಕಾಲು, ತಲೆ ಅಲ್ಲ."

ಕೊರೋನಾ ಬಂತು. ಮನೆಯಿಂದ ಐದು ಕಿಲೋಮೀಟರಿನಾಚೆ ಹೋಗುವಂತಿಲ್ಲ ಎಂಬ ನಿಯಮದ ಚಳಿಗಾಲದಲ್ಲಿ, ಹೊರಗಡೆ ಇನ್ನೊಂದು ಮನೆಯವರ ಜೊತೆ ನಡೆಯಲು ಮಾತ್ರ ಅವಕಾಶವಿತ್ತು. ನಮ್ಮ ಮನೆಗೂ ಅವರ ಮನೆಗೂ ಎರಡು ಬೀದಿಗಳ ಅಂತರ. ಅವರ ಗಂಡ ತೀರಿಕೊಂಡು ಕೆಲವು ವರ್ಷಗಳಾಗಿದ್ದವು. ಮಗ ದೂರದ ಕಾರ್ಕ್ ನಗರದಲ್ಲಿ ಕೆಲಸಕ್ಕಿದ್ದ, ನಿಯಮದ ಪ್ರಕಾರ ಬರುವಂತಿರಲಿಲ್ಲ. ಶನಿವಾರಗಳಲ್ಲಿ ಅವರು, ನಾನು, ನನ್ನ ಗಂಡ, ಎಂಟು ವರ್ಷದ ಮಗಳು ಒಟ್ಟಿಗೆ ನಡೆಯತೊಡಗಿದೆವು.

ಕೋಪನ್‌ಹೇಗನ್ ಪ್ರವಾಸದ ಯೋಚನೆ ಅವರದೇ. ನಿರ್ಬಂಧ ತೆರವಾದ ಕೂಡಲೇ ಒಂದು ವಾರಾಂತ್ಯ ಹೋಗಿಬರಬೇಕು. ಶನಿವಾರ ಆ ಊರಿನ ಬಂದರು, ಕಾಲುವೆ, ಡ್ರ್ಯಾಗನ್‌ಗಳ ಬಾಲ ಹೆಣೆದುಕೊಂಡಂಥ ಗೋಪುರದ ಹಳೆಯ ವ್ಯಾಪಾರ ಕಟ್ಟಡ. ಭಾನುವಾರ ರೈಲಿನಲ್ಲಿ ಅರ್ಧ ಗಂಟೆ ಹೋದರೆ ರೋಸ್ಕಿಲ್ಡೆ ಎಂಬ ಊರು, ಅಲ್ಲಿನ ಕೊಲ್ಲಿಯ ಕೆಸರಿನಿಂದ ಎತ್ತಿಟ್ಟ, ವೈಕಿಂಗರೆಂಬ ಸಾವಿರ ವರ್ಷದ ಹಿಂದಿನ ಕಡಲಿಗರ ಹಡಗುಗಳು. ಅವುಗಳಲ್ಲಿ ದೊಡ್ಡದೊಂದನ್ನು ಡಬ್ಲಿನ್ನಿನಲ್ಲಿ ಕಟ್ಟಿದ್ದರಂತೆ, ಐರ್ಲೆಂಡಿನ ಓಕ್ ಮರದಿಂದ. "ನಮ್ಮೂರಿನ ಹಡಗು ಅಲ್ಲಿ ಹೋಗಿ ಮುಳುಗಿದೆ. ನೋಡ್ಕೊಂಡು ಬರೋದು ಬೇಡ್ವಾ?" ಎಂದರು. ಐರ್ಲೆಂಡನ್ನು "ನಮ್ಮೂರು" ಎನ್ನಲು ನನಗೆ ಇಂದಿಗೂ ಧೈರ್ಯ ಸಾಲದು.

ಹೋಗುವ ತನಕ ಏಕೆ ಸುಮ್ಮನಿರಬೇಕೆಂದು ಅವರು ಆ ಪ್ರವಾಸವನ್ನು ಗಾಲ್ವೇಯ ದಂಡೆಯಲ್ಲೇ ನಡೆಸಿಬಿಟ್ಟರು. ಹೊಳೆಯಂಚಿನ ಲಾಂಗ್ ವಾಕ್ ಬೀದಿಯ ಬಣ್ಣಬಣ್ಣದ ಮನೆಗಳ ಸಾಲು ಕೋಪನ್‌ಹೇಗನ್‌ನ ಕಾಲುವೆದಂಡೆಯ ಮನೆಗಳಾದವು. ಸ್ಪ್ಯಾನಿಷ್ ಆರ್ಚ್ ಎಂಬ ಹಳೆಯ ಕಲ್ಲಿನ ಕಮಾನು ಸುಂಕದ ಕಟ್ಟೆಯಾಯಿತು. ಹೊಳೆಯ ಆಚೆದಡದಲ್ಲಿ ಹಂಸಗಳಿರುವ ಕ್ಲಾಡಾ ರೋಸ್ಕಿಲ್ಡೆಯ ಕೊಲ್ಲಿಯಾಯಿತು. ಅವರು ಕತೆ ಹೇಳುತ್ತಿರಲಿಲ್ಲ. ಪ್ರಶ್ನೆ ಕೇಳಿ ಕಾಯುತ್ತಿದ್ದರು.

"ಪುಟ್ಟಿ, ನೀನು ಹಡಗಿನ ಮೇಲಿದೀಯ. ದಡದಲ್ಲಿ ಸುಂಕದೋನು ನಿಂತಿದಾನೆ. ಏನು ತಂದಿದೀರಿ ಅಂತ ಕೂಗ್ತಾನೆ. ಏನಂತೀಯ?"

"ವೈನ್! ಅಂಡ್ ಸಾಲ್ಟ್!"

"ಅಯ್ಯಯ್ಯೋ, ಅವನಿಗೆ ಕೇಳಿಸ್ಲಿಲ್ಲ. ನಮ್ಮ ಹಡಗಿನೋರಿಗೆಲ್ಲ ಕನ್ನಡ ಒಂದೇ ಬರೋದು ಕಣೇ. ಹಗ್ಗ ಎಳೆಯೋ ದಾಂಡಿಗರು, ಪಾಪ. ಈಗ ಹೇಗೆ?"

ಮಗಳು ಒಂದು ಕ್ಷಣ ಯೋಚಿಸಿ, ಹೊಳೆಯ ಕಡೆಗೆ ತಿರುಗಿ, ಗಂಟಲು ಬಿರಿಯುವಂತೆ ಕೂಗಿದಳು: "ಉಪ್ಪು ತಂದಿದೀವಿ! ಉಪ್ಪು!"

ನಾನು ಅಲ್ಲೇ ನಿಂತೆ. ಅವಳಿಗೆ ಕನ್ನಡ ಅರ್ಥವಾಗುತ್ತಿತ್ತು, ಆದರೆ ಮಾತು ಬಂದಂದಿನಿಂದ ನನಗೆ ಉತ್ತರ ಕೊಟ್ಟಿದ್ದು ಇಂಗ್ಲಿಷಿನಲ್ಲೇ, ಅದೂ ಅಪ್ಪಟ ಗಾಲ್ವೇ ಧಾಟಿಯಲ್ಲಿ. ಊಟಕ್ಕೆ ಕರೆದರೆ "ಐಮ್ ಗ್ರ್ಯಾಂಡ್, ಅಮ್ಮಾ", ಅಂದರೆ ಈಗ ಬೇಡ ಎಂದು. ನಾನು ಪುಸ್ತಕ ತರಿಸಿದ್ದೆ, ವರ್ಣಮಾಲೆಯ ಚಿತ್ರಪಟ ಅಂಟಿಸಿದ್ದೆ, ಭಾನುವಾರಗಳಲ್ಲಿ ಪಾಠಕ್ಕೆ ಕೂರಿಸಿದ್ದೆ. ಅವಳ ಬಾಯಿಂದ ಕನ್ನಡದ ಒಂದು ಪೂರ್ಣ ವಾಕ್ಯ ನನ್ನ ಕಡೆಗೆ ಬರಲಿ ಎಂಬುದೊಂದೇ ನನ್ನ ಆಸೆಯಾಗಿತ್ತು. ಅದು ಬಂತು, ಆದರೆ ಬೇರೆಯವರ ಕಡೆಗೆ.

"ಕೇಳಿದ್ಯಾ? ನಮ್ಮ ಕೂಸು ಕನ್ನಡ ಮಾತಾಡ್ತು!" ಎಂದು ನನ್ನ ಗಂಡ ಹಿಗ್ಗಿದ.

"ಕೇಳಿಸಿತು," ಎಂದೆ.

ಆ ಚಳಿಗಾಲವಿಡೀ ಅವಳು ಶನಿವಾರಗಳನ್ನು ಕಾಯುತ್ತಿದ್ದಳು. ಅವರನ್ನು ಆಂಟಿ ಎನ್ನು ಎಂದು ನಾನು ಹೇಳಿಕೊಟ್ಟಿದ್ದೆ. ಯಾರೂ ಹೇಳಿಕೊಡದೆ ದೊಡ್ಡಮ್ಮ ಎನ್ನತೊಡಗಿದಳು. ಸಾಲ್ಟ್‌ಹಿಲ್‌ನ ಕಡಲದಂಡೆಯ ಕೊನೆಯಲ್ಲಿ ಗೋಡೆಗೆ ಕಾಲಿನಿಂದ ಒಮ್ಮೆ ಒದ್ದು ಹಿಂದಿರುಗುವುದು ಈ ಊರಿನವರ ರೂಢಿ. ಅವರು ಒದೆಯುತ್ತಿರಲಿಲ್ಲ. "ಕಾಲು ತಾಗಿಸೋದು ಬೇಡಪ್ಪ, ಎಷ್ಟು ವರ್ಷದಿಂದ ಒದೆಸ್ಕೊಂಡು ನಿಂತಿದೆ ಪಾಪ," ಎಂದು ಕೈಯಿಂದ ಮುಟ್ಟಿ ಕಣ್ಣಿಗೊತ್ತಿಕೊಳ್ಳುವರು. ಮಗಳೂ ಹಾಗೆಯೇ ಮಾಡಲು ಕಲಿತಳು. ಮನೆಯಲ್ಲಿ ದೇವರ ಮುಂದೆ ನಿಲ್ಲಿಸಿದರೆ ಕೈ ಮುಗಿಯಲು ಹತ್ತು ಸಲ ಹೇಳಿಸಿಕೊಳ್ಳುತ್ತಿದ್ದ ಹುಡುಗಿ!

ನಾನೂ ಸುಮ್ಮನೆ ಕೂತವಳಲ್ಲ. ಪ್ರವಾಸದ ಸಂಪೂರ್ಣ ಯೋಜನೆಯನ್ನು ಕಚೇರಿಯ ದಾಖಲೆಗಳ ಮಾದರಿಯಲ್ಲೇ ಬರೆದೆ: ಉದ್ದೇಶ, ವ್ಯಾಪ್ತಿ, ಹೊಣೆಗಾರರು, ಗಂಟೆಗಂಟೆಯ ಕ್ರಮ, ಮಳೆ ಬಂದರೆ ಪರ್ಯಾಯ. ಪ್ರತಿ ಸ್ಥಳದ ಇತಿಹಾಸವನ್ನು ಓದಿ, ಯಾರೂ ತಪ್ಪು ಹುಡುಕಲಾಗದಂತೆ ಸಾರಾಂಶ ಸೇರಿಸಿದೆ. ನನ್ನ ಗಂಡ ಪುಟ ತಿರುವಿ, "ಕೋಪನ್‌ಹೇಗನ್‌ಗೆ ಹೋಗ್ತಿದೀವಾ, ಇಲ್ಲ ಅದನ್ನ ಆಡಿಟ್ ಮಾಡೋಕೆ ಹೋಗ್ತಿದೀವಾ?" ಎಂದ.

ಅವರು ಮಾತ್ರ ಮೊಬೈಲಿನಲ್ಲಿ ಮೊದಲಿನಿಂದ ಕೊನೆಯವರೆಗೆ ಓದಿದರು. ಕ್ಲಾಡಾದ ಕಲ್ಲುಬೆಂಚಿನ ಮೇಲೆ, ಕನ್ನಡಕ ಮೂಗಿನ ತುದಿಗೆ ಜಾರಿಸಿಕೊಂಡು.

"ಎಷ್ಟು ಅಚ್ಚುಕಟ್ಟಾಗಿ ಮಾಡಿದೀಯೇ! ನನ್ನ ಕೈಲಿ ಜನ್ಮದಲ್ಲಿ ಆಗಲ್ಲ."

ಮುಂದಿನ ಶನಿವಾರ ಆ ಯೋಜನೆಯನ್ನು ನಾನು ಓದಿ ಹೇಳುವುದೆಂದಾಯಿತು. ಓದಿದೆ. ಎಲ್ಲರೂ ಗೌರವದಿಂದ ಕೇಳಿದರು. ಮಗಳು ಹಂಸಗಳ ಕಡೆಗೆ ನೋಡುತ್ತಿದ್ದಳು. ನಾನು ಮುಗಿಸಿದ ಮೇಲೆ ಅವರು, "ಹಡಗುಗಳನ್ನ ಬೇಕು ಅಂತಾನೇ ಮುಳುಗಿಸಿದ್ರು ಅಂತ ಬರೆದಿದೀಯಲ್ಲ, ಯಾಕಿರಬಹುದು ಪುಟ್ಟಿ?" ಎಂದರು. ಮಗಳು ಹಂಸಗಳನ್ನು ಬಿಟ್ಟು ಓಡಿಬಂದಳು. ನನ್ನದೇ ವಾಕ್ಯ, ನನ್ನದೇ ಶ್ರಮ. ಅವರ ಬಾಯಿಂದ ಬಂದಾಗ ಅವಳಿಗೆ ಕೇಳಿಸಿತು.

ಅದೇ ವರ್ಷದ ಬೇಸಿಗೆಯಲ್ಲಿ ವಿಮಾನಗಳು ಮತ್ತೆ ಹಾರತೊಡಗಿದವು. ದೊಡ್ಡವರಿಗೆಲ್ಲ ಲಸಿಕೆಯಾಗಿತ್ತು. ಶರತ್ಕಾಲದ ಒಂದು ವಾರಾಂತ್ಯವನ್ನು ಗೊತ್ತುಮಾಡಿದೆವು. ಟಿಕೆಟ್ ತೆಗೆಯಲು ಕೂತಾಗ ನನ್ನ ಗಂಡ ತಟ್ಟನೆ ಕೈ ತಡೆದ.

"ಲೇ, ನಮಗೆ ವೀಸಾ ಬೇಕಲ್ವಾ?"

ವೀಸಾ ಬೇಕಿತ್ತು. ನಮ್ಮಿಬ್ಬರದೂ ಭಾರತದ ಪಾಸ್‌ಪೋರ್ಟ್. ಐರ್ಲೆಂಡಿನ ವಾಸದ ಕಾರ್ಡು ಐರ್ಲೆಂಡಿಗೆ ಮಾತ್ರ. ಕೋಪನ್‌ಹೇಗನ್ ಇರುವ, ಯುರೋಪಿನ ಷೆಂಗೆನ್ ಒಕ್ಕೂಟದ ದೇಶಗಳಿಗೆ ಕಾಲಿಡಲು ಬೇರೆ ವೀಸಾ ಪಡೆಯಬೇಕು. ಇಲ್ಲಿ ಬಂದ ಮೊದಲ ವರ್ಷದಲ್ಲೇ ಪ್ರತಿಯೊಬ್ಬ ಭಾರತೀಯನೂ ಕಲಿಯುವ ಪಾಠವಿದು. ಆದರೆ ತಿಂಗಳುಗಟ್ಟಲೆ ಲಾಂಗ್ ವಾಕ್‌ನಲ್ಲಿ ಕೋಪನ್‌ಹೇಗನ್ ಸುತ್ತಿ ಸುತ್ತಿ, ನಡುವೆ ಒಂದು ಗಡಿಯಿದೆ ಎಂಬುದನ್ನೇ ನಾವು ಮರೆತಿದ್ದೆವು. ಮಳೆಗೆ ಪರ್ಯಾಯ ಬರೆದಿದ್ದ ನನ್ನ ಯೋಜನೆಯಲ್ಲಿ ವೀಸಾ ಎಂಬ ಪದವೇ ಇರಲಿಲ್ಲ. ವಿಚಾರಿಸಿದರೆ, ಪ್ರವಾಸಿಗರ ಅರ್ಜಿಗಳಿಗೆ ಸದ್ಯಕ್ಕೆ ದಿನಾಂಕ ಸಿಗುವುದಿಲ್ಲ ಎಂಬ ಉತ್ತರ ಬಂತು.

ಅವರದು ಐರ್ಲೆಂಡಿನ ಪಾಸ್‌ಪೋರ್ಟ್, ಯಾವ ಅಡ್ಡಿಯೂ ಇಲ್ಲ. ನಾವು ಇಲ್ಲಿಗೆ ಬಂದು ಸಾಕಷ್ಟು ವರ್ಷಗಳಾದ ಮೇಲೆ ಹುಟ್ಟಿದ್ದರಿಂದ ಮಗಳದೂ ಐರ್ಲೆಂಡಿನದೇ. ಆ ಕೆಂಗಂದು ಬಣ್ಣದ ಪುಟ್ಟ ಪುಸ್ತಕ ನಮ್ಮಿಬ್ಬರ ನೀಲಿ ಪುಸ್ತಕಗಳ ಮೇಲೆ ಡ್ರಾಯರಿನಲ್ಲಿತ್ತು. ಅಂದರೆ ಹೋಗಬಲ್ಲವರು ಇಬ್ಬರು: ಅವರು ಮತ್ತು ನನ್ನ ಮಗಳು. ಹೋಗಲಾರದವರು, ಹೆತ್ತವರು.

ವಿಷಯ ತಿಳಿಸಿದಾಗ ಅವರು ತಕ್ಷಣವೇ ಅಂದರು: "ಬಿಡೇ. ಎಲ್ರೂ ಒಟ್ಟಿಗೆ ಹೋಗೋಣ, ಮುಂದಿನ ವರ್ಷ. ಆ ಹಡಗು ಇಷ್ಟು ಕಾಲ ಕೆಸರಲ್ಲಿ ಕಾದಿದೆ, ಇನ್ನೊಂದು ವರ್ಷ ಕಾಯಲ್ವಾ?"

ಅವರ ಧ್ವನಿಯಲ್ಲಿ ಬೇಸರದ ಎಳೆಯೂ ಇರಲಿಲ್ಲ. ಅಷ್ಟು ಸುಲಭವಾಗಿ ಬಿಟ್ಟುಕೊಡಲು ಬರುವುದೂ ಒಂದು ಸಿರಿವಂತಿಕೆ. ಅದಕ್ಕೂ ನನಗೆ ಹೊಟ್ಟೆಯುರಿಯಿತು.

ಆದರೆ ಮಗಳು ಬಾಗಿಲ ಬಳಿ ನಿಂತು ಎಲ್ಲವನ್ನೂ ಕೇಳಿಸಿಕೊಂಡಿದ್ದಳು. ಅಳಲಿಲ್ಲ. ತನ್ನ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು. ಊಟಕ್ಕೆ ಕರೆದರೆ "ಐಮ್ ಗ್ರ್ಯಾಂಡ್" ಎಂಬ ಉತ್ತರವೂ ಬರಲಿಲ್ಲ.

"ಕಳಿಸೋಣ ಕಣೇ," ಎಂದ ಗಂಡ. "ಎರಡು ದಿನ ತಾನೆ? ಅವರ ಜೊತೆ ಅಲ್ದೆ ಇನ್ಯಾರ ಜೊತೆ ಕಳಿಸ್ತೀಯ?"

"ಅದೇ ನನ್ನ ತೊಂದರೆ," ಎಂದೆ.

"ಏನದು?"

"ಏನಿಲ್ಲ."

ಹೇಗೆ ಹೇಳಲಿ? ಈಗಲೇ ಅರ್ಧ ಅವರ ಕಡೆಗೆ ವಾಲಿರುವ ಮಗು, ನಾನು ನೋಡದ ಊರನ್ನು ಅವರ ಕೈ ಹಿಡಿದು ನೋಡಿಬಂದರೆ, ಮುಂದೆ ಜೀವನವಿಡೀ ಆ ಊರಿನ ಮಾತು ಬಂದಾಗಲೆಲ್ಲ ನಾನು ಹೊರಗಿನವಳು. ಕಳಿಸದಿದ್ದರೆ, ಹಡಗನ್ನು ತಪ್ಪಿಸಿದವಳು ನಾನೇ. ಎರಡು ದಾರಿಯಲ್ಲೂ ಅವರೇ ಗೆಲ್ಲುವರು. ಅವರಿಗೆ ಸ್ಪರ್ಧೆಯಿದೆಯೆಂಬುದೂ ಗೊತ್ತಿಲ್ಲದೆ.

ಮರುದಿನ ನಾನೇ ಅವರ ಮನೆಗೆ ಹೋದೆ. ಅವರು ಹಿತ್ತಿಲ ಬಾಗಿಲಿನಲ್ಲಿ ಕೂತು ಮಗನ ಜೊತೆ ಫೋನಿನಲ್ಲಿದ್ದರು. ಇವರು ಕನ್ನಡದಲ್ಲಿ ಕೇಳುತ್ತಿದ್ದರು, ಅತ್ತ ಕಡೆಯಿಂದ ಇಂಗ್ಲಿಷಿನ ಗಡಸು ದನಿ ಚುಟುಕಾಗಿ ಉತ್ತರಿಸುತ್ತಿತ್ತು. ಫೋನಿಟ್ಟು ನನ್ನನ್ನು ನೋಡಿ ನಕ್ಕರು. "ಇವನನ್ನ ಯಾವ ಹಡಗಿಗೆ ಹತ್ತಿಸಿದ್ರೂ ಪ್ರಯೋಜನ ಆಗ್ಲಿಲ್ಲ ಕಣೇ. ಆಗ ನನಗೆ ಪುರುಸೊತ್ತೂ ಇರ್ಲಿಲ್ಲ ಅನ್ನು."

"ಅವಳನ್ನ ಕರ್ಕೊಂಡು ಹೋಗಿ ಮೇಡಂ," ಎಂದೆ.

ಅವರು ನನ್ನ ಮುಖವನ್ನೇ ನೋಡಿದರು. "ನಿನಗೆ ಇಷ್ಟ ಇದೆಯಾ?"

"ಇಲ್ಲ," ಎಂದೆ. ಯಾವತ್ತೂ ಯೋಚಿಸದೆ ಮಾತಾಡದವಳ ಬಾಯಿಂದ ಅದು ಹೇಗೆ ಬಂತೋ. "ಆದ್ರೂ ಕರ್ಕೊಂಡು ಹೋಗಿ."

ಅವರು ಒಳಗೆ ಹೋಗಿ ಕಾಫಿ ತಂದರು. ಇಬ್ಬರೂ ಕುಡಿದೆವು.

ಮಗುವನ್ನು ಬೇರೆಯವರ ಜೊತೆ ಕಳಿಸಲು ಹೆತ್ತವರು ಒಪ್ಪಿಗೆ ಪತ್ರ ಬರೆದುಕೊಡಬೇಕು. ಬರೆದೆ. ಜೊತೆಯಲ್ಲಿ ಹೋಗುವವರು ಮಗುವಿಗೆ ಏನಾಗಬೇಕು ಎಂಬಲ್ಲಿ "ಕುಟುಂಬದ ಸ್ನೇಹಿತರು" ಎಂದು ತುಂಬಿಸಿದೆ. ಮಗಳು ಹೆಗಲ ಮೇಲಿಂದ ಇಣುಕಿ, "ದಟ್ಸ್ ನಾಟ್ ರೈಟ್," ಎಂದಳು. ನಾನು ತಿದ್ದಲಿಲ್ಲ.

ಅವರು ಹೊರಟ ಶನಿವಾರ ನಾನು ಮತ್ತು ಗಂಡ ನಡೆಯಲು ಹೋಗಲಿಲ್ಲ. ಅಂದು ಫೋನೂ ಬರಲಿಲ್ಲ. "ತಲುಪಿದೆವು, ಕಾಲುವೆ ನೋಡಿ ಆಯಿತು, ಊಟ ಮಾಡಿದಳು" ಎಂಬ ಅವರ ಸಂದೇಶ ಮಾತ್ರ. ಪಕ್ಕದಲ್ಲಿ ಬಣ್ಣದ ಮನೆಗಳ ಮುಂದೆ ಹಳದಿ ಕೋಟಿನ ಅಂಚು ಹಿಡಿದು ನಿಂತ ಮಗಳ ಚಿತ್ರ. ಆ ಚಿತ್ರವನ್ನು ನಾನು ಎಷ್ಟು ಸಲ ತೆರೆದು ನೋಡಿದೆನೋ. ಪ್ರತಿ ಸಲವೂ ನನ್ನ ಕಣ್ಣು ಹೋದದ್ದು ಆ ಕೋಟು ಹಿಡಿದ ಮುಷ್ಟಿಯ ಕಡೆಗೇ.

ಭಾನುವಾರ ಮಧ್ಯಾಹ್ನ ವಿಡಿಯೋ ಕರೆ ಬಂತು. ಪರದೆಯ ತುಂಬ ಮಗಳ ಮೂಗು. ಹಿಂದೆ ದೊಡ್ಡ ಗಾಜಿನ ಗೋಡೆ, ಅದರಾಚೆ ಬೂದುಬಣ್ಣದ ನೀರು. ಆ ಗೋಡೆಯ ಮುಂದೆ ಕಬ್ಬಿಣದ ಕಂಬಿಗಳಲ್ಲಿ ರೂಪಿಸಿದ ಉದ್ದನೆಯ ಹಡಗಿನ ಆಕಾರ. ತಳದಲ್ಲಿ ಮಾತ್ರ ಒಂದಿಷ್ಟು ಕಪ್ಪು ಹಲಗೆಗಳು.

"ದೊಡ್ಡಮ್ಮ ಎಲ್ಲಿ?" ಎಂದೆ. ಅದೇ ನನ್ನ ಬಾಯಿಗೆ ಬಂದ ಮೊದಲ ಮಾತು.

"ಔಟ್‌ಸೈಡ್, ಆನ್ ಅ ಬೆಂಚ್. ಶೀಸ್ ನಾಟ್ ಕಮಿಂಗ್ ಇನ್. ಶಿ ಸೆಡ್, ಗೋ ಅಂಡ್ ಶೋ ಯುವರ್ ಅಮ್ಮಾ ಯುವರ್ಸೆಲ್ಫ್."

ಆ ಹಡಗಿಗಾಗಿ ಒಂದು ಚಳಿಗಾಲ ಹಂಬಲಿಸಿದವರು, ಅದರಿಂದ ಒಂದು ಗಾಜಿನ ಗೋಡೆಯಷ್ಟು ದೂರದಲ್ಲಿ ಹೊರಗೆ ಕುಳಿತಿದ್ದರು.

ಮಗಳು ಫೋನನ್ನು ಹಡಗಿನ ಮೂತಿಯಿಂದ ಬಾಲದವರೆಗೆ ನಿಧಾನವಾಗಿ ತೋರಿಸಿದಳು. ನಂತರ ಅದನ್ನು ತನ್ನ ಕಡೆಗೆ ತಿರುಗಿಸಿಕೊಂಡು, ತಲೆಯನ್ನು ಒಂದಿಷ್ಟು ಓರೆ ಮಾಡಿ, ಕನ್ನಡದಲ್ಲಿ, ನನಗೆ, ಕೇಳಿದಳು:

"ಅಮ್ಮಾ, ಹೇಳು ನೋಡೋಣ. ಈ ಮರ ಎಲ್ಲೀದು?"

ಕೇಳಿ ಕಾದಳು. ಆ ಓರೆ ತಲೆ ಅವರದು, ಆ "ಹೇಳು ನೋಡೋಣ" ಅವರದು, ಕಾಯುವ ರೀತಿಯೂ ಅವರದೇ. ನನ್ನ ಮನೆಯಲ್ಲಿ ಎಂಟು ವರ್ಷ ಉಂಡು ಮಲಗಿದ ಮಗುವಿನ ಕನ್ನಡದಲ್ಲಿ ಅರಸೀಕೆರೆಯ ಒಂದು ಕಣವೂ ಇರಲಿಲ್ಲ.

ಉತ್ತರ ನನಗೆ ಗೊತ್ತಿತ್ತು. ಯಾವ ಮರ, ಯಾವ ಊರು, ಅದನ್ನು ಹೇಗೆ ಕಂಡುಹಿಡಿದರು, ಎಲ್ಲವೂ ನಾಲಿಗೆಯ ತುದಿಯಲ್ಲಿತ್ತು.

"ಗೊತ್ತಿಲ್ಲ ಕಣೇ," ಎಂದೆ. "ನೀನೇ ಹೇಳು."

ಅವಳ ಕಣ್ಣುಗಳು ಅಗಲವಾದವು. "ನಿಂಗೆ ಗೊತ್ತಿಲ್ವಾ?" ಎಂದವಳೇ ಗಾಜಿನ ಗೋಡೆಗೆ ಬೆನ್ನು ಹಾಕಿ ನೆಲದ ಮೇಲೆ ಕೂತು, ಮರದ ಹುಟ್ಟೂರನ್ನು ಹೇಳುವ ಅದರ ಒಳಗಿನ ಉಂಗುರಗಳಿಂದ ಶುರುಮಾಡಿದಳು.